ಅಡಗೂಲಜ್ಜಿಯ ಕಥೆ ಸಿನೆಮಾ ಆದಾಗ



ಸಂತೆಗುಳಿಯಂಥ ಊರುಗಳಲ್ಲಿ ಒಂದು ಕಾಲಕ್ಕೆ ಸಂಜೆಯ ಜಪಸರ ಮುಗಿದ ಮೇಲೆ ಮಕ್ಕಳು ಅಜ್ಜಿಯ ಮಗ್ಗುಲಲ್ಲಿ ಕೂತು ಕಥೆ ಕೇಳುತ್ತಿದ್ದರು. ಸಿನೆಮಾ ನೋಡಬೇಕೆಂದರೆ ಪೇಟೆಗೆ ಹೋಗಬೇಕಿತ್ತು. ಅದಕ್ಕೆ ಹಣ ಬೇಕು, ದೊಡ್ಡವರ ಅಪ್ಪಣೆ ಬೇಕು, ಜೊತೆಗೆ ಹೋಗಲು ಒಬ್ಬರು ಬೇಕು. ಇಂದು ಅದೇ ಸಿನೆಮಾ ಐದು ವರ್ಷದ ಮಗುವಿನ ಅಂಗೈಯಲ್ಲಿದೆ. ಅಡುಗೆಮನೆಯ ಕೆಲಸ ಮುಗಿಯುವ ತನಕ ಮಗು ಸುಮ್ಮನಿರಲಿ ಎಂದು ನಾವೇ ಮೊಬೈಲ್ ಕೊಡುತ್ತೇವೆ. "ರಾಜಕುಮಾರಿಯ ಕಥೆ ತಾನೇ, ಅದರಲ್ಲಿ ಕೆಟ್ಟದ್ದೇನಿದೆ?" ಎಂದುಕೊಳ್ಳುತ್ತೇವೆ.

ಕೆಟ್ಟದ್ದಿದೆ ಎಂದು ಹೆದರಿಸುವುದಕ್ಕಾಗಿ ಈ ಲೇಖನವಲ್ಲ. ಆದರೆ ಹಳೆಯ ಕಥೆ ಸಿನೆಮಾ ಆಗುವಾಗ ಏನೋ ಸೇರುತ್ತದೆ, ಏನೋ ಬಿಟ್ಟುಹೋಗುತ್ತದೆ. ಬಿಟ್ಟುಹೋದದ್ದು ಕೆಲವೊಮ್ಮೆ ಕಥೆಯ ಜೀವವೇ ಆಗಿರುತ್ತದೆ. ಅದನ್ನು ಗುರುತಿಸುವುದು ಹೇಗೆ ಎಂದು ಇಂದು ಒಟ್ಟಿಗೆ ಕಲಿಯೋಣ.

ಬದಲಾವಣೆ ಹೊಸದಲ್ಲ

ಮೊದಲಿಗೆ ಒಂದು ಮಾತು. ಕಥೆಯನ್ನು ಬದಲಿಸಿ ಹೇಳುವುದೇ ತಪ್ಪು ಎಂದು ತಿಳಿಯಬಾರದು. ಯಕ್ಷಗಾನದ ನಾಡಿನವರಾದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಹೊನ್ನಾವರ ಸೀಮೆಯಲ್ಲಿಯೇ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಇಡಗುಂಜಿ ಮೇಳವನ್ನು ಕಟ್ಟಿದರು. ಪ್ರಸಂಗ ಒಂದೇ, ಪದ್ಯಗಳೂ ಅವೇ. ಆದರೂ ಒಬ್ಬ ಕಲಾವಿದ ಹೇಳಿದ ಅರ್ಥವನ್ನು ಇನ್ನೊಬ್ಬ ಹೇಳುವುದಿಲ್ಲ. ಆಟ ಮುಗಿಸಿ ಮನೆಗೆ ನಡೆಯುವಾಗ ನಮ್ಮ ಹಿರಿಯರು "ಅವನು ಆ ಮಾತನ್ನು ಯಾಕೆ ಬಿಟ್ಟ? ಇವನು ಹೊಸದಾಗಿ ಏನು ಸೇರಿಸಿದ?" ಎಂದು ಚರ್ಚಿಸುತ್ತಿದ್ದರು. ನಮ್ಮ ಮಕ್ಕಳಿಗೆ ಸಿನೆಮಾದ ವಿಷಯದಲ್ಲಿ ಬೇಕಾಗಿರುವುದು ಇದೇ ಜಾಣ್ಮೆ.

ಕಥೆಗಳೂ ಹಾಗೆಯೇ ದೇಶದಿಂದ ದೇಶಕ್ಕೆ ನಡೆದಿವೆ. ಸಿಂಡ್ರೆಲ್ಲಾ ಬಿಳಿಯರ ಕಥೆ ಎಂದು ನಾವು ತಿಳಿದಿದ್ದೇವೆ. ಚೀನಾ ದೇಶದಲ್ಲಿ ಅದರಂಥದೇ ಒಂದು ಕಥೆಯನ್ನು ಒಂಬತ್ತನೆಯ ಶತಮಾನದಲ್ಲಿಯೇ ಬರೆದಿಟ್ಟಿದ್ದರು. ನಮ್ಮ ಕನ್ನಡದಲ್ಲಿಯೂ 'ಹಂಚಿ' ಎಂಬ ಕಥೆಯಿದೆ. ಎ. ಕೆ. ರಾಮಾನುಜನ್ ಅವರು ಅದನ್ನು ಕನ್ನಡದ ಸಿಂಡ್ರೆಲ್ಲಾ ಎಂದು ಹೊರಜಗತ್ತಿಗೆ ಪರಿಚಯಿಸಿದರು. ಇಲ್ಲಿ ಗಾಜಿನ ಚಪ್ಪಲಿ ಇಲ್ಲ. ಮಗಳಿಗೆ ಮನೆಯೊಳಗೇ ಅಪಾಯ ಬಂದಾಗ ತಾಯಿ ಅವಳ ಮುಖಕ್ಕೆ ಮಣ್ಣಿನ ಮುಖವಾಡ ಮಾಡಿಸಿ ತೊಡಿಸುತ್ತಾಳೆ, ಮನೆಯಿಂದ ದೂರ ಕಳುಹಿಸಿ ಕಾಪಾಡುತ್ತಾಳೆ. ಅಪಾಯ ಹೊರಗಿನಿಂದಲೇ ಬರುತ್ತದೆ ಎಂದೇನಿಲ್ಲ ಎಂಬ ಕಠಿಣ ಸತ್ಯವನ್ನು ಹಳ್ಳಿಯ ಹೆಂಗಸರು ಹೀಗೆ ಕಥೆಯ ಸೆರಗಿನಲ್ಲಿ ಕಟ್ಟಿಕೊಟ್ಟಿದ್ದರು.

ಮಲತಾಯಿ ಎಲ್ಲಿಂದ ಬಂದಳು?

ವಾಲ್ಟ್ ಡಿಸ್ನಿಯವರ 'ಸ್ನೋ ವೈಟ್' ಚಿತ್ರ 1937ರ ಡಿಸೆಂಬರ್‌ನಲ್ಲಿ ಮೊದಲ ಬಾರಿಗೆ ಪ್ರದರ್ಶನಗೊಂಡಿತು. ಅದರಲ್ಲಿ ಮಗುವಿನ ಪ್ರಾಣಕ್ಕೆ ಹೊಂಚುವವಳು ಮಲತಾಯಿ. ಈ ಕಥೆಯನ್ನು ಜರ್ಮನಿಯ ಗ್ರಿಮ್ ಸಹೋದರರು 1812ರಲ್ಲಿ ಮೊದಲು ಅಚ್ಚು ಹಾಕಿಸಿದಾಗ ಆ ದುಷ್ಟ ರಾಣಿ ಮಲತಾಯಿಯಾಗಿರಲಿಲ್ಲ, ಹೆತ್ತ ತಾಯಿಯೇ ಆಗಿದ್ದಳು! 1819ರ ಎರಡನೆಯ ಮುದ್ರಣದಲ್ಲಿ ಅವಳನ್ನು ಮಲತಾಯಿಯಾಗಿ ಬದಲಿಸಿದರು. ಕಾಡಿನಲ್ಲಿ ಮಕ್ಕಳನ್ನು ಬಿಟ್ಟುಬರುವ 'ಹ್ಯಾನ್ಸೆಲ್ ಮತ್ತು ಗ್ರೆಟೆಲ್' ಕಥೆಯಲ್ಲಿಯೂ ಹೀಗೆಯೇ ಆಯಿತು. ಮೊದಲು ತಾಯಿ ಎಂದಿದ್ದದ್ದು 1840ರ ಮುದ್ರಣದಲ್ಲಿ ಮಲತಾಯಿ ಎಂದಾಯಿತು. ತಾಯಿ ಎಂಬ ಪವಿತ್ರ ಹೆಸರಿಗೆ ಕಲೆ ತಗಲಬಾರದೆಂದು ಹೀಗೆ ಮಾಡಿರಬೇಕು ಎನ್ನುತ್ತಾರೆ ಬಲ್ಲವರು.

ತಾಯಿಯ ಹೆಸರು ಉಳಿಯಿತು, ನಿಜ. ಆದರೆ ಆ ಭಾರ ಯಾರ ತಲೆಗೆ ಬಿತ್ತು? ಸಿನೆಮಾ ಬಂದ ಮೇಲಂತೂ ಆ ಕಪ್ಪು ಉಡುಗೆಯ ರಾಣಿಯ ಮುಖ ಲೋಕದ ಮಕ್ಕಳ ಕಣ್ಣಿನಲ್ಲಿ ಅಚ್ಚೊತ್ತಿತು.

ನಮ್ಮ ಸುತ್ತಲಿನ ಮನೆಗಳನ್ನು ನೆನೆಯಿರಿ. ತಾಯಿಯನ್ನು ಕಳೆದುಕೊಂಡ ಮಕ್ಕಳಿರುವ ಮನೆಗೆ ಇನ್ನೊಬ್ಬಳು ಬಂದಿರುತ್ತಾಳೆ. ಮಕ್ಕಳು ಅವಳನ್ನು ಚಿಕ್ಕಮ್ಮ ಎನ್ನುತ್ತಾರೆ. ಅವಳು ಬೆಳಿಗ್ಗೆ ಎದ್ದು ಗಂಜಿ ಬೇಯಿಸುತ್ತಾಳೆ, ಸಮವಸ್ತ್ರ ಒಗೆಯುತ್ತಾಳೆ, ಜ್ವರ ಬಂದಾಗ ನಿದ್ದೆಗೆಡುತ್ತಾಳೆ. ಒಂದು ದಿನ ಗದರಿದರೆ ಸಾಕು, "ಮಲತಾಯಿ ಅಲ್ಲವೇ, ಮತ್ತೇನು" ಎಂದು ನೆರೆಯವರು ಅಂದುಬಿಡುತ್ತಾರೆ. ಮಗುವೂ ಅದನ್ನೇ ಕಲಿಯುತ್ತದೆ. ಹೆತ್ತ ತಾಯಿ ಗದರಿದರೆ ಅದು ಶಿಸ್ತು, ಚಿಕ್ಕಮ್ಮ ಗದರಿದರೆ ಅದು ಹಿಂಸೆ! ಇದು ನ್ಯಾಯವೇ? ತನ್ನ ರಕ್ತದಿಂದ ಹುಟ್ಟದ ಬಾಲ ಯೇಸುವನ್ನು ಸಾಕಿ, ಕಸುಬು ಕಲಿಸಿದ ಸಂತ ಜೋಸೆಫರನ್ನು ಗೌರವಿಸುವ ನಾವು ಇಂಥ ಮಾತನ್ನು ಮಕ್ಕಳೆದುರು ಆಡಬಹುದೇ?

ಆದುದರಿಂದ ಮಗು 'ಸ್ನೋ ವೈಟ್' ನೋಡಿದ ದಿನ ಈ ಒಂದು ಮಾತನ್ನು ಹೇಳಿಬಿಡಿ: "ಆ ರಾಣಿ ಕೆಟ್ಟವಳಾದದ್ದು ಮಲತಾಯಿಯಾದ್ದರಿಂದಲ್ಲ, ಅಸೂಯೆಯಿಂದ." ಅಸೂಯೆಗೆ ಹೆತ್ತವರು, ಸಾಕಿದವರು ಎಂಬ ಭೇದವಿಲ್ಲ.

ಬಿಟ್ಟುಹೋದ ಕ್ಷಮೆ

ಸಿಂಡ್ರೆಲ್ಲಾ ಕಥೆಯನ್ನು ಫ್ರಾನ್ಸಿನ ಶಾರ್ಲ್ ಪೆರೋ 1697ರಲ್ಲಿ ಪ್ರಕಟಿಸಿದರು. ಕುಂಬಳಕಾಯಿಯ ರಥ, ಗಾಜಿನ ಚಪ್ಪಲಿ ಇವೆಲ್ಲ ಅವರ ಕಥೆಯಲ್ಲಿವೆ. ಕೊನೆಯಲ್ಲಿ ಅಕ್ಕಂದಿರು ಕಾಲಿಗೆ ಬಿದ್ದಾಗ ಆಕೆ ಅವರನ್ನು ಎತ್ತಿ ಅಪ್ಪಿಕೊಂಡು ಮನಸಾರೆ ಕ್ಷಮಿಸುತ್ತಾಳೆ. ಅರಮನೆಗೆ ಕರೆತಂದು ಅವರಿಗೂ ಮದುವೆ ಮಾಡಿಸುತ್ತಾಳೆ. ಗ್ರಿಮ್ ಸಹೋದರರ ಕಥೆಯಲ್ಲಿ ಹೀಗಿಲ್ಲ. ಅಲ್ಲಿ ಪಾರಿವಾಳಗಳು ಅಕ್ಕಂದಿರ ಕಣ್ಣು ಕುಕ್ಕುತ್ತವೆ.

ಡಿಸ್ನಿಯವರ 1950ರ ಚಿತ್ರ ಪೆರೋ ಅವರ ದಾರಿಯಲ್ಲಿ ನಡೆಯಿತು. ಕಣ್ಣು ಕುಕ್ಕುವ ಕ್ರೌರ್ಯವನ್ನು ಬಿಟ್ಟದ್ದು ಒಳ್ಳೆಯದೇ. ಆದರೆ ಕ್ಷಮೆಯೂ ಅದರಲ್ಲಿ ಬಿಟ್ಟುಹೋಯಿತು! ಚಪ್ಪಲಿ ಕಾಲಿಗೆ ಸರಿಹೋಯಿತು, ಮದುವೆಯ ಗಂಟೆ ಬಾರಿಸಿತು, ಕಥೆ ಮುಗಿಯಿತು. ನೋಡಿದ ಮಗುವಿಗೆ ಉಳಿಯುವ ಪಾಠವೇನು? ಕಷ್ಟದ ನಂತರ ಒಳ್ಳೆಯ ಬಟ್ಟೆ, ಅರಮನೆ, ಗಂಡ. ಕಷ್ಟ ಕೊಟ್ಟವರ ಎದುರು ನಿಂತು ಕ್ಷಮಿಸುವ ಘಳಿಗೆ ಅದಕ್ಕೆ ಕಾಣಸಿಗುವುದಿಲ್ಲ. 2015ರಲ್ಲಿ ಕೆನೆತ್ ಬ್ರಾನಾ ನಿರ್ದೇಶಿಸಿದ 'ಸಿಂಡ್ರೆಲ್ಲಾ'ದಲ್ಲಿ ಆ ಘಳಿಗೆ ಮರಳಿ ಬಂತು. ಮನೆ ಬಿಟ್ಟು ಹೊರಡುವಾಗ ಆಕೆ ಮಲತಾಯಿಯ ಕಡೆ ತಿರುಗಿ ಕ್ಷಮಿಸಿದೆ ಎನ್ನುತ್ತಾಳೆ. ಎಷ್ಟು ಸಲ ಕ್ಷಮಿಸಬೇಕೆಂದು ಪೇತ್ರನು ಕೇಳಿದ ಪ್ರಶ್ನೆಯನ್ನು (ಮತ್ತಾಯ 18) ಮಕ್ಕಳಿಗೆ ತಿಳಿಸಲು ಇದಕ್ಕಿಂತ ಒಳ್ಳೆಯ ಸಂದರ್ಭ ಸಿಗಲಿಕ್ಕಿಲ್ಲ.

ಇನ್ನೊಂದು ಉದಾಹರಣೆ 'ಪುಟ್ಟ ಮತ್ಸ್ಯಕನ್ಯೆ'. ಡೆನ್ಮಾರ್ಕಿನ ಹ್ಯಾನ್ಸ್ ಕ್ರಿಶ್ಚಿಯನ್ ಆಂಡರ್ಸನ್ 1837ರಲ್ಲಿ ಇದನ್ನು ಬರೆದರು. ಆ ಕನ್ಯೆಯ ಹಂಬಲ ಬರೀ ರಾಜಕುಮಾರನಲ್ಲ, ಸಾವಿಲ್ಲದ ಆತ್ಮ. ರಾಜಕುಮಾರ ಬೇರೊಬ್ಬಳನ್ನು ಮದುವೆಯಾಗುತ್ತಾನೆ. ಅವನನ್ನು ಕೊಂದರೆ ನೀನು ಬದುಕುವೆ ಎಂದು ಅಕ್ಕಂದಿರು ಚೂರಿ ಕೊಡುತ್ತಾರೆ. ಆಕೆ ಚೂರಿಯನ್ನು ಕಡಲಿಗೆ ಎಸೆದು ತಾನೇ ಸಾಯಲು ಮುಂದಾಗುತ್ತಾಳೆ. ಆ ತ್ಯಾಗಕ್ಕಾಗಿ, ಸತ್ಕಾರ್ಯಗಳಿಂದ ಆತ್ಮವನ್ನು ಗಳಿಸುವ ದಾರಿ ಅವಳಿಗೆ ತೆರೆಯುತ್ತದೆ. 1989ರ ಸಿನೆಮಾದಲ್ಲಿ ಆತ್ಮದ ಮಾತಿಲ್ಲ, ಚೂರಿಯ ಪರೀಕ್ಷೆಯಿಲ್ಲ. ಆಕೆ ರಾಜಕುಮಾರನನ್ನೇ ಮದುವೆಯಾಗುತ್ತಾಳೆ. ಹಾಡುಗಳು ಚೆನ್ನಾಗಿವೆ, ಮಕ್ಕಳು ಕುಣಿಯುತ್ತಾರೆ, ಕುಣಿಯಲಿ. ಆದರೆ ಸಿನೆಮಾ ಮುಗಿದ ಮೇಲೆ ಹಳೆಯ ಕಥೆಯನ್ನೂ ಹೇಳಿ. ಪ್ರೀತಿ ಎಂದರೆ ಪಡೆಯುವುದು ಮಾತ್ರವಲ್ಲ, ಬಿಟ್ಟುಕೊಡುವುದೂ ಹೌದು ಎಂದು ಮಕ್ಕಳಿಗೆ ಯಾರಾದರೂ ಹೇಳಬೇಕಲ್ಲ?

ನಮ್ಮದೇ ಕಥೆ, ನಮ್ಮದೇ ಚಿತ್ರ

ಹೊರಗಿನ ಕಥೆಗಳಷ್ಟೇ ಏಕೆ? ಮರವಾಗುವ ಹುಡುಗಿಯ ಕಥೆ ನಮ್ಮ ಕನ್ನಡದ ಹೆಂಗಸರು ಹೇಳಿಕೊಂಡು ಬಂದದ್ದು. ಬಡ ತಾಯಿಯ ಮಗಳೊಬ್ಬಳು ತನ್ನ ಮೇಲೆ ಒಂದು ಕೊಡ ನೀರು ಸುರಿದರೆ ಹೂಬಿಟ್ಟ ಮರವಾಗುತ್ತಾಳೆ. ಎಲೆ ಹರಿಯದಂತೆ, ಕೊಂಬೆ ಮುರಿಯದಂತೆ ಹೂ ಕೊಯ್ದು ಇನ್ನೊಂದು ಕೊಡ ಸುರಿದರೆ ಮತ್ತೆ ಹುಡುಗಿಯಾಗುತ್ತಾಳೆ. ಮದುವೆಯಾಗಿ ದೊಡ್ಡ ಮನೆ ಸೇರಿದ ಮೇಲೆ ಗಂಡನ ತಂಗಿ ಆಟಕ್ಕೆಂದು ಅವಳನ್ನು ಒತ್ತಾಯಿಸಿ ಮರವಾಗಿಸುತ್ತಾಳೆ, ಹೂವಿನ ಆಸೆಗೆ ಕೊಂಬೆಗಳನ್ನು ಮುರಿಯುತ್ತಾಳೆ. ಹುಡುಗಿ ಕೈಕಾಲಿಲ್ಲದ ತುಂಡಾಗಿ ಉಳಿಯುತ್ತಾಳೆ. ಕೊನೆಗೆ ಗಂಡ ಮುರಿದ ಕೊಂಬೆಗಳನ್ನು ಜೋಡಿಸಿ ಕಟ್ಟಿ, ನೀರು ಸುರಿದು ಅವಳನ್ನು ಉಳಿಸಿಕೊಳ್ಳುತ್ತಾನೆ.

ಗಿರೀಶ್ ಕಾರ್ನಾಡರು ಈ ಕಥೆಯನ್ನು 1992ರಲ್ಲಿ 'ಚೆಲುವಿ' ಎಂಬ ಹಿಂದಿ ಚಿತ್ರ ಮಾಡಿದರು. ಸೋನಾಲಿ ಕುಲಕರ್ಣಿ ಅದರ ನಾಯಕಿ. ಪರಿಸರ ರಕ್ಷಣೆಯ ಅತ್ಯುತ್ತಮ ಚಿತ್ರವೆಂದು ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಮರ ಕಡಿಯುವ ನಮ್ಮ ಕಾಲದ ಚಿಂತೆಯನ್ನು ಚಿತ್ರ ಹಳೆಯ ಕಥೆಯೊಳಗೆ ಕಂಡುಕೊಂಡಿತು. ಇದೇ ಕಥೆಯನ್ನು ಅಮೆರಿಕದ ಜಾನ್ ಆಡಮ್ಸ್ ಸಂಗೀತ ನಾಟಕವಾಗಿಸಿದರು, 2006ರಲ್ಲಿ ಅದು ವಿಯೆನ್ನಾದಲ್ಲಿ ಮೊದಲು ಪ್ರದರ್ಶನಗೊಂಡಿತು. ಇಲ್ಲಿಯ ಬದಲಾವಣೆಯನ್ನು ನೋಡಿ. ಹೊಸ ಅರ್ಥ ಸೇರಿತು, ಹಳೆಯ ನೋವು ಹೋಗಲಿಲ್ಲ. ಸೊಸೆಯಾಗಿ ಬಂದ ಹೆಣ್ಣಿನ ಒಳ್ಳೆಯತನವನ್ನು ಹೂವಿನಂತೆ ಕೊಯ್ಯುತ್ತ, ಅವಳ ಕೊಂಬೆ ಮುರಿದದ್ದನ್ನು ಗಮನಿಸದ ಮನೆಗಳು ಇಂದಿಗೂ ಇಲ್ಲವೇ? ಮನೆಯ ಹೆಣ್ಣುಮಕ್ಕಳೂ ಗಂಡುಮಕ್ಕಳೂ ಈ ಕಥೆಯನ್ನು ಕೇಳಲೇಬೇಕು.

ನಮ್ಮ ಪುಣ್ಯಕೋಟಿಯೂ 2020ರಲ್ಲಿ ಸಂಸ್ಕೃತ ಭಾಷೆಯ ಅನಿಮೇಷನ್ ಚಿತ್ರವಾಗಿ ಬಂತು. ಶಾಲೆಯಲ್ಲಿ ಕಲಿತ ಹಾಡನ್ನು ಮಕ್ಕಳಿಂದ ಮೊದಲು ಹಾಡಿಸಿ, ನಂತರ ಇಂಥ ಚಿತ್ರ ತೋರಿಸಿದರೆ ಏನು ಬದಲಾಯಿತೆಂದು ಅವರೇ ಹೇಳುತ್ತಾರೆ.

ಮನೆಯಲ್ಲಿ ಮಾಡಬೇಕಾದದ್ದು

ಸಿನೆಮಾವನ್ನೇ ದೂರವಿಡಬೇಕೆಂದು ಧರ್ಮಸಭೆ ಹೇಳಿಲ್ಲ. ಚಲನಚಿತ್ರ ಕಲೆಗೆ ನೂರು ವರ್ಷ ತುಂಬಿದ 1995ರಲ್ಲಿ ವ್ಯಾಟಿಕನ್ ಪ್ರಕಟಿಸಿದ 45 ಚಿತ್ರಗಳ ಪಟ್ಟಿಯಲ್ಲಿ ಮಕ್ಕಳ ಅಚ್ಚುಮೆಚ್ಚಿನ 'ದಿ ವಿಝರ್ಡ್ ಆಫ್ ಆಝ್' ಕೂಡ ಇದೆ. ಬೇಕಾದದ್ದು ವಿವೇಕ. ಅದಕ್ಕೆ ನಾಲ್ಕು ಸೂಚನೆಗಳು:

1. ಕಥೆ ಮೊದಲು, ಸಿನೆಮಾ ನಂತರ. ಬಾಯಿಂದ ಕೇಳಿದ ರಾಕ್ಷಸನನ್ನು ಮಗು ತನ್ನ ಧೈರ್ಯಕ್ಕೆ ತಕ್ಕಷ್ಟು ದೊಡ್ಡದಾಗಿ ಊಹಿಸಿಕೊಳ್ಳುತ್ತದೆ. ಪರದೆಯ ಮೇಲಿನ ರಾಕ್ಷಸನ ಗಾತ್ರ ಅದರ ಕೈಯಲ್ಲಿಲ್ಲ.

2. ಪ್ರಮಾಣಪತ್ರ ನೋಡಿ. 2024ರ ಹೊಸ ನಿಯಮಗಳಂತೆ ನಮ್ಮ ದೇಶದ ಚಿತ್ರಗಳಿಗೆ 'ಯು' ಮತ್ತು 'ಎ' ಅಲ್ಲದೆ 'ಯುಎ 7+', 'ಯುಎ 13+', 'ಯುಎ 16+' ಎಂಬ ವರ್ಗಗಳಿವೆ. ರಾಜಕುಮಾರಿ ಇದ್ದ ಮಾತ್ರಕ್ಕೆ ಅದು ಚಿಕ್ಕಮಕ್ಕಳ ಚಿತ್ರವಾಗುವುದಿಲ್ಲ.

3. ಜೊತೆಗೆ ಕೂತು ನೋಡಿ. ಪೂರ್ತಿ ಆಗದಿದ್ದರೆ ಕೊನೆಯ ಅರ್ಧ ಗಂಟೆಯಾದರೂ ಕೂರಿ. ಮಗು ಹೆದರುವುದೂ ಅಳುವುದೂ ಸಾಮಾನ್ಯವಾಗಿ ಆಗಲೇ.

4. ಮುಗಿದ ಮೇಲೆ ಕೇಳಿ. ಉಪದೇಶ ಬೇಡ, ಪ್ರಶ್ನೆ ಸಾಕು.

ಕುಟುಂಬದಲ್ಲಿ ಚರ್ಚಿಸಲು

• ಈ ಕಥೆಯಲ್ಲಿ ನಿಜವಾಗಿ ಧೈರ್ಯ ತೋರಿಸಿದವರು ಯಾರು?
• ತಪ್ಪು ಮಾಡಿದವರಿಗೆ ಕೊನೆಯಲ್ಲಿ ಏನಾಯಿತು? ನೀನಾಗಿದ್ದರೆ ಏನು ಮಾಡುತ್ತಿದ್ದೆ?
• ಅಜ್ಜಿ ಹೇಳಿದ ಕಥೆಯಲ್ಲಿದ್ದು ಸಿನೆಮಾದಲ್ಲಿ ಇಲ್ಲದ್ದು ಯಾವುದು?
• ನಮ್ಮ ಮನೆಯಲ್ಲಿ ಯಾರ ಕೊಂಬೆಯನ್ನು ನಾವು ತಿಳಿಯದೆ ಮುರಿಯುತ್ತಿದ್ದೇವೆ?

ಕೊನೆಯ ಪ್ರಶ್ನೆಗೆ ಮಕ್ಕಳಿಗಿಂತ ಮೊದಲು ನಾವು, ದೊಡ್ಡವರು, ಉತ್ತರ ಹೇಳೋಣ. ಈ ವಾರ ಒಂದು ಸಂಜೆ ಮೊಬೈಲ್ ಬದಿಗಿಟ್ಟು ಹೂವಿನ ಮರದ ಕಥೆಯನ್ನು ಮಕ್ಕಳಿಗೆ ಹೇಳಿ. ಅರ್ಧ ಮರೆತಿದ್ದರೂ ಚಿಂತೆಯಿಲ್ಲ. ಮನೆಯಲ್ಲಿ ಅಜ್ಜಿಯಿದ್ದರೆ ಅವರನ್ನೇ ಕೇಳಿ. ಅವರೂ ಬಹಳ ದಿನದಿಂದ ಯಾರಾದರೂ ಕೇಳಲಿ ಎಂದು ಕಾಯುತ್ತಿರಬಹುದು.