ದತ್ತಾಂಶ ಭಂಡಾರವೂ ಹಂಚಿಕೆಯ ಗ್ರಂಥಾಲಯ ಕಡತಗಳೂ

ಗ್ರಂಥಾಲಯವೆಂದೊಡನೆ ನಮ್ಮ ಮನಸ್ಸಿಗೆ ಬರುವುದು ಪುಸ್ತಕಗಳ ಕಪಾಟು. ಗಣಕಯಂತ್ರಶಾಸ್ತ್ರಜ್ಞರಾದರೋ ‘ಲೈಬ್ರರಿ’ ಎಂಬ ಇದೇ ಶಬ್ದವನ್ನು ಅನ್ಯಾರ್ಥದಲ್ಲಿ ಪ್ರಯೋಗಿಸುತ್ತಾರೆ. ಹಲವು ತಂತ್ರಾಂಶಗಳು ಎರವಲು ಪಡೆದು ಬಳಸುವ ಸಿದ್ಧ ಕ್ರಮವಿಧಿಗಳ ಸಂಗ್ರಹವೇ ಅವರ ಲೈಬ್ರರಿ. ವ್ಯಾಕರಣವನ್ನು ಬೋಧಿಸುವ ನಾನು ಈ ವಿಷಯಕ್ಕೆ ಕೈಹಾಕಿದುದೇಕೆಂದು ವಾಚಕಮಹಾಶಯರು ಕೇಳಬಹುದು. ಕಾರಣವನ್ನು ಮುಂದೆ ನಿವೇದಿಸುವೆನು.

ಮೊದಲು ದತ್ತಾಂಶ ಭಂಡಾರವೆಂದರೇನು? ನಮ್ಮ ನಾಡಿನ ‘ಭೂಮಿ’ ಯೋಜನೆಯೇ ಇದಕ್ಕೆ ದೃಷ್ಟಾಂತ. 2000ದ ದಶಕದ ಆರಂಭದ ವೇಳೆಗೆ ಸುಮಾರು 67 ಲಕ್ಷ ರೈತರಿಗೆ ಸೇರಿದ ಸುಮಾರು 2 ಕೋಟಿ ಪಹಣಿಗಳು ಗಣಕಯಂತ್ರವನ್ನು ಸೇರಿದವು. ಕಡ್ಡಿರಾಂಪುರದ ರೈತನು ಹೊಸಪೇಟೆಗೆ ಹೋಗಿ ಸರ್ವೆ ನಂಬರು ಹೇಳಿದರೆ ಅವನ ಹೊಲದ ಪಹಣಿ ಕೈಗೆ ಬರುತ್ತದೆ. ಇಂಥ ವ್ಯವಸ್ಥೆಗಳಲ್ಲಿ ಸಾಮಾನ್ಯವಾಗಿ ಕೇಳುವ ತಂತ್ರಾಂಶ ಬೇರೆ, ಕೊಡುವ ಭಂಡಾರ ಬೇರೆ. ಕೇಳುವುದು ‘ಕ್ಲೈಂಟ್’, ಕೊಡುವುದು ‘ಸರ್ವರ್’. ಇವೆರಡರ ನಡುವೆ ಸಂಪರ್ಕವನ್ನು ತೆರೆಯುವುದು, ಗುಪ್ತಪದವನ್ನು ಒಪ್ಪಿಸುವುದು, ಪ್ರಶ್ನೆಯನ್ನು ಸಾಗಿಸುವುದು, ಬಂದ ಉತ್ತರವನ್ನು ಸಾಲುಸಾಲಾಗಿ ಬಿಡಿಸಿಕೊಡುವುದು, ಇಷ್ಟೂ ದೂತಕಾರ್ಯವಿದೆ. ಈ ಕಾರ್ಯವನ್ನು ನಿರ್ವಹಿಸುವುದೇ ಹಂಚಿಕೆಯ ಗ್ರಂಥಾಲಯ ಕಡತ.

ಅಮೆರಿಕದ ಬರ್ಕ್ಲಿ ವಿಶ್ವವಿದ್ಯಾಲಯದಲ್ಲಿ 1986ರಲ್ಲಿ ಆರಂಭವಾದ ಯೋಜನೆಯೊಂದರಿಂದ ಬೆಳೆದು, 1996ರಲ್ಲಿ ಪೋಸ್ಟ್‌ಗ್ರೆಸ್‌ಕ್ಯೂಎಲ್ ಎಂಬ ನಾಮಧೇಯವನ್ನು ಪಡೆದ ಭಂಡಾರ ತಂತ್ರಾಂಶವುಂಟು. ಅದರ ದೂತನ ಹೆಸರು ಲಿಬ್‌ಪಿಕ್ಯೂ. ವಿಂಡೋಸ್ ವ್ಯವಸ್ಥೆಯಲ್ಲಿ ಈ ಕಡತದ ಹೆಸರಿನ ಕೊನೆಗೆ ‘ಡಿಎಲ್‌ಎಲ್’ ಎಂದೂ, ಲಿನಕ್ಸ್‌ನಲ್ಲಿ ‘ಎಸ್‌ಒ’ ಎಂದೂ ಇರುತ್ತದೆ. ಮೈಎಸ್‌ಕ್ಯೂಎಲ್ ಭಂಡಾರಕ್ಕೆ ಇಂಥದೇ ಬೇರೊಂದು ಕಡತವಿದೆ. ಜಾವಾ ಭಾಷೆಯ ಸಂಪರ್ಕ ತಂತ್ರಾಂಶದಂತೆ ಲಿಬ್‌ಪಿಕ್ಯೂವನ್ನು ಆಶ್ರಯಿಸದೆ ಸ್ವತಂತ್ರವಾಗಿ ಸಂಭಾಷಿಸುವವೂ ಉಂಟು. ಆದರೆ ಆಶ್ರಯಿಸುವವೇ ಅನೇಕ.

ಹಂಚಿಕೆಯ ಪ್ರಯೋಜನವೇನೆಂಬುದಕ್ಕೆ ಹಂಪೆಯ ತುರ್ತು ಕಾಲುವೆಯನ್ನು ನೋಡಬಹುದು. ವಿಜಯನಗರ ಕಾಲದ ಆ ಒಂದು ಕಾಲುವೆಯಿಂದ ಅನೇಕ ಗದ್ದೆಗಳಿಗೆ ನೀರು ಹರಿಯುತ್ತದೆ. ಪ್ರತಿಯೊಬ್ಬ ರೈತನೂ ತುಂಗಭದ್ರೆಯಿಂದ ತನ್ನದೇ ಕಾಲುವೆಯನ್ನು ತೋಡಬೇಕಾಗಿಲ್ಲ. ಒಮ್ಮೆ ದುರಸ್ತಿಯಾದರೆ ಎಲ್ಲರಿಗೂ ಲಾಭ, ಒಡೆದರೆ ಎಲ್ಲರಿಗೂ ನಷ್ಟ. ಪಾಣಿನಿಯೂ ಹಿಂದಿನ ಸೂತ್ರದ ಪದವನ್ನು ಮುಂದಿನ ಸೂತ್ರಗಳಿಗೆ ಅನುವೃತ್ತಿಯಿಂದ ತಂದುಕೊಂಡು ಪುನರುಕ್ತಿಯನ್ನು ಪರಿಹರಿಸಿದನಷ್ಟೆ.

ಆದರೆ ಪರಾಶ್ರಯಕ್ಕೆ ನಿಯಮ ಬೇಕು. ತಂತ್ರಾಂಶವು ಎದ್ದು ನಿಲ್ಲುವಾಗ ಕಡತವನ್ನು ಹುಡುಕಿ ಅದರೊಡನೆ ಸಂಧಿಯಾಗುತ್ತದೆ. ಕಡತ ಸಿಗದಿದ್ದರೆ ಸಂಧಿಯಿಲ್ಲ. 32 ಬಿಟ್‌ನ ತಂತ್ರಾಂಶಕ್ಕೆ 64 ಬಿಟ್‌ನ ಕಡತ ಹೊಂದುವುದಿಲ್ಲ. ಲಿನಕ್ಸ್‌ನಲ್ಲಿ ಲಿಬ್‌ಪಿಕ್ಯೂ ಕಡತದ ಹೆಸರಿಗೆ ಹತ್ತಿದ 5 ಎಂಬ ಅಂಕೆ ಅನೇಕ ಆವೃತ್ತಿಗಳು ಕಳೆದರೂ ಬದಲಾಗಿಲ್ಲ. ಹಿಂದಿನಿಂದ ಆಶ್ರಯಿಸಿದವರಿಗೆ ಕೊಟ್ಟ ಮಾತನ್ನು ಮುರಿದಿಲ್ಲವೆಂಬುದೇ ಅದರ ತಾತ್ಪರ್ಯ.

ಇನ್ನು ನನ್ನ ಕಾರಣ. ನನ್ನ ಪರಿಚಯದ ಶಾಲೆಯೊಂದರಲ್ಲಿ ಪುಸ್ತಕಗಳ ಸೂಚಿಯನ್ನು ಗಣಕಯಂತ್ರಕ್ಕೆ ಏರಿಸಿ, ಕೈಬರಹದ ದಾಖಲೆಯನ್ನು ರದ್ದಿಗೆ ಹಾಕಿದ್ದರು. ಕೆಲವು ವರ್ಷಗಳ ಮೇಲೆ ಸರ್ವರನ್ನು ನವೀಕರಿಸಿದ ಮರುದಿನ ಸೂಚಿ ತೆರೆಯಲಿಲ್ಲ. ಎಲ್ಲವೂ ಅಳಿಯಿತೆಂದು ಭಾವಿಸಿ, ಭಂಡಾರವನ್ನು ಬರಿದುಮಾಡಿ ಮೊದಲಿನಿಂದ ಬರೆಯುವುದೆಂದು ನಿಶ್ಚಯಿಸಿದರು. ಹಳಗನ್ನಡ ಗ್ರಂಥಗಳ ಹೆಸರುಗಳನ್ನು ತಿದ್ದಿಕೊಡಲು ನನ್ನನ್ನು ಕರೆದಿದ್ದರು. ಪುಸ್ತಕದ ಹೆಸರುಗಳನ್ನೇನೋ ಮತ್ತೆ ಬರೆಯಬಹುದು. ಯಾವ ಪುಸ್ತಕವನ್ನು ಯಾವ ದಾನಿ ಕೊಟ್ಟರೆಂಬುದು ಆ ಭಂಡಾರದಲ್ಲಲ್ಲದೆ ಬೇರೆಲ್ಲಿಯೂ ಉಳಿದಿರಲಿಲ್ಲ.

ದೈವವಶಾತ್ ಅಲ್ಲಿಗೆ ಬಂದ ಹಳೆಯ ವಿದ್ಯಾರ್ಥಿಯೊಬ್ಬನು ತೆರೆಯ ಮೇಲಿನ ಸಂದೇಶವನ್ನು ಸಾವಧಾನವಾಗಿ ಓದಿದನು. ಲಿಬ್‌ಪಿಕ್ಯೂ 10ನೆಯ ಅಥವಾ ಮುಂದಿನ ಆವೃತ್ತಿ ಬೇಕೆಂದಷ್ಟೇ ಅದರಲ್ಲಿತ್ತು. 2017ರಲ್ಲಿ ಬಂದ ಪೋಸ್ಟ್‌ಗ್ರೆಸ್‌ಕ್ಯೂಎಲ್ 10ರಿಂದ ‘ಸ್ಕ್ರ್ಯಾಮ್’ ಎಂಬ ಹೆಚ್ಚು ಭದ್ರವಾದ ಗುಪ್ತಪದ ಪದ್ಧತಿ ಸೇರಿತು. 2021ರ 14ನೆಯ ಆವೃತ್ತಿಯಲ್ಲಿ ಅದೇ ಸಹಜ ಕ್ರಮವಾಯಿತು. ಹಳೆಯ ದೂತನಿಗೆ ಹೊಸ ಸಂಕೇತ ತಿಳಿಯದು. ಹೊಸ ಕಡತವನ್ನು ಯಾರೋ ಆಗಲೇ ತಂದಿದ್ದರು. ಆದರೆ ವಿಂಡೋಸ್ ಸಾಮಾನ್ಯವಾಗಿ ತಂತ್ರಾಂಶದ ಸ್ವಂತ ಫೋಲ್ಡರಿನಲ್ಲಿ ಮೊದಲು ಹುಡುಕುವುದರಿಂದ, ಅಲ್ಲಿದ್ದ ಹಳೆಯ ಪ್ರತಿಯೇ ಕೈಗೆ ಸಿಗುತ್ತಿತ್ತು. ಅದನ್ನು ತೆಗೆದು ಹೊಸದನ್ನೂ ಅದಕ್ಕೆ ಬೇಕಾದ ಸಹಾಯಕ ಕಡತಗಳನ್ನೂ ಇಟ್ಟೊಡನೆ ಸೂಚಿ ತೆರೆಯಿತು. ದಾನಿಗಳ ಹೆಸರುಗಳು ಇದ್ದಂತೆಯೇ ಇದ್ದವು.

ಇದರಿಂದ ಗ್ರಹಿಸಬೇಕಾದುದು ನಾಲ್ಕು. ದೂತನು ಬಾರದಿದ್ದರೆ ಭಂಡಾರವೇ ನಷ್ಟವಾಯಿತೆಂದು ತಿಳಿಯಬಾರದು. ಯಾವ ತಂತ್ರಾಂಶವು ಯಾವ ಕಡತದ ಯಾವ ಆವೃತ್ತಿಯನ್ನು ಆಶ್ರಯಿಸಿದೆಯೆಂದು ಒಂದು ವಹಿಯಲ್ಲಿ ಬರೆದಿಡಬೇಕು. ನವೀಕರಣಕ್ಕೆ ಮುನ್ನ ಭಂಡಾರದ ಪ್ರತಿಯನ್ನು ತೆಗೆದಿಡಬೇಕು. ಕೈಬರಹದ ಮೂಲ ದಾಖಲೆಯನ್ನು ಎಂದಿಗೂ ರದ್ದಿಗೆ ಹಾಕಬಾರದು. ಕೊಟ್ಟವರ ಹೆಸರನ್ನು ಕಾಯುವುದು ಪಡೆದವರ ಋಣ. ಅಲಂ ವಿಸ್ತರೇಣ.