ಹಾರುವ ಅಳಿಲು



ಅಳಿಲು ನಿಮಗೆಲ್ಲ ಗೊತ್ತು. ಬೆನ್ನ ಮೇಲೆ ಗೆರೆ ಇರ್ತದೆ. ಅಂಗಳದ ಬೇವಿನ ಮರ ಹತ್ತಿ ಇಳಿದು ಚಿಕ್ ಚಿಕ್ ಅಂತ ಕೂಗ್ತದೆ. ತೆಲುಗಿನಲ್ಲಿ ಇದನ್ನೇ ಉಡುತ ಅಂತಾರೆ. ಇದರ ದೊಡ್ಡ ನಂಟ ಒಂದು ಕಾಡಿನಲ್ಲಿದೆ. ಅದರ ಹೆಸರು ಹಾರುವ ಅಳಿಲು. ಮಲೆನಾಡಿನ ಕಡೆ ಹಾರುಬೆಕ್ಕು ಅಂತ ಕರೆಯೋರೂ ಇದ್ದಾರೆ.

ಒಂದು ಸಂಜೆ ನಮ್ಮ ಕಲಿಕಾ ಕೇಂದ್ರದಲ್ಲಿ ಈ ಪ್ರಾಣಿಯ ಚಿತ್ರ ತೋರಿಸಿದೆ. ಒಬ್ಬ ಹಿರಿಯವ್ವ ಕೇಳಿದರು: "ಅಳಿಲು ಹಾರ್ತದಂತ ಹೇಳ್ತೀರಲ್ಲ ಸರ, ಖರೇ ಏನು? ಇದಕ್ಕ ರೆಕ್ಕಿನ ಇಲ್ಲ!"

ಅವ್ವ ಕೇಳಿದ್ದು ಸರಿ. ಇದಕ್ಕೆ ರೆಕ್ಕೆ ಇಲ್ಲ. ಹಕ್ಕಿ ಹಾಗೆ ರೆಕ್ಕೆ ಬಡಿದು ಮೇಲೆ ಏರೋದಕ್ಕೆ ಬರೋದಿಲ್ಲ. ಇದು ಗಾಳಿಯಲ್ಲಿ ತೇಲ್ತದೆ. ಮುಂಗಾಲಿನಿಂದ ಹಿಂಗಾಲಿನ ತನಕ ಎರಡೂ ಪಕ್ಕಕ್ಕೆ ಸಡಿಲವಾದ ಚರ್ಮ ಇದೆ. ಅದರ ಮೇಲೆ ಕೂದಲು. ಸುಮ್ಮನೆ ಕೂತಾಗ ಈ ಚರ್ಮ ಮಡಚಿಕೊಂಡಿರ್ತದೆ. ಅಳಿಲು ಮರದ ತುದಿ ಏರ್ತದೆ. ಅಲ್ಲಿಂದ ಜಿಗಿದು ನಾಲ್ಕೂ ಕಾಲು ಚಾಚ್ತದೆ. ಆಗ ಚರ್ಮ ಬಿಚ್ಚಿಕೊಂಡು ದುಪ್ಪಟಿ ಹರಡಿದ ಹಾಗೆ ಕಾಣ್ತದೆ. ಕೆಳಗಿನ ಗಾಳಿ ಅದನ್ನು ಎತ್ತಿ ಹಿಡೀತದೆ. ದಿಕ್ಕು ತಪ್ಪದ ಹಾಗೆ ಉದ್ದ ಬಾಲ ನೆರವಾಗ್ತದೆ. ಎದುರಿನ ಮರ ಹತ್ತಿರ ಬಂದ ಕೂಡಲೇ ಮೈಯನ್ನು ನೆಟ್ಟಗೆ ಎತ್ತಿ ವೇಗ ತಗ್ಗಿಸ್ತದೆ. ನಾಲ್ಕೂ ಕಾಲಿನಿಂದ ಕಾಂಡಕ್ಕೆ ಅಂಟಿಕೊಳ್ತದೆ.

ಒಂದು ಮಾತು ಗಮನಿಸಿ. ತೇಲುವಾಗ ಇದು ಕೆಳಗೇ ಇಳೀತಾ ಹೋಗ್ತದೆ. ಹೊರಟ ಎತ್ತರಕ್ಕಿಂತ ತಗ್ಗಿನಲ್ಲಿ ಮುಟ್ತದೆ. ಮತ್ತೆ ಮುಂದಕ್ಕೆ ಹೋಗಬೇಕಂದ್ರೆ ಮತ್ತೆ ಮರದ ತುದಿ ಏರಬೇಕು. ಅದಕ್ಕೇ ಇದಕ್ಕೆ ಎತ್ತರದ ಮರ ಬೇಕು. ಮರಗಳು ಹತ್ತಿರ ಹತ್ತಿರ ಇರಬೇಕು. ನಡುವೆ ಹತ್ತಾರು ಮರ ಕಡಿದರೆ ದಾರಿಯೇ ಕಡಿದ ಹಾಗೆ. ನೆಲಕ್ಕೆ ಇಳಿದು ನಡೆಯೋದು ಇದಕ್ಕೆ ಕಷ್ಟ. ಚಿರತೆ, ನಾಯಿ ಬಾಯಿಗೆ ಬೀಳುವ ಭಯ ಬೇರೆ.

ನಾರಾಯಣಪೇಟೆ, ಮಕ್ತಲ್, ಗದ್ವಾಲ್ ಸುತ್ತ ಹೊಲ ಹೆಚ್ಚು, ಅಂಥ ಕಾಡು ಇಲ್ಲ. ಆದರೆ ನಮ್ಮ ಕೃಷ್ಣಾ ನದಿ ಜೂರಾಲ ಅಣೆಕಟ್ಟು ದಾಟಿ ಮುಂದೆ ನಲ್ಲಮಲ ಕಾಡಿನೊಳಗೆ ಹರೀತದೆ. ಆ ಕಾಡಿನಲ್ಲಿ ಹಾರುವ ಅಳಿಲು ಇದೆ. ಯುಗಾದಿ ಮುಂದೆ ಶ್ರೀಶೈಲದ ಮಲ್ಲಯ್ಯನಿಗೆ ಪಾದಯಾತ್ರೆ ಹೋದವರು ನಿಮ್ಮಲ್ಲಿ ಇದ್ದೀರಿ. ಆತ್ಮಕೂರು, ವೆಂಕಟಾಪುರ, ನಾಗಲೂಟಿ, ಭೀಮನಕೊಳ್ಳದ ದಾರಿ ನಿಮಗೆ ಗೊತ್ತು. ಅದೇ ನಲ್ಲಮಲ. ರಾತ್ರಿ ನೀವು ಮಲಗಿದ್ದಾಗ ತಲೆ ಮೇಲೆ ಈ ಪ್ರಾಣಿ ತೇಲಿ ಹೋಗಿದ್ದರೂ ಗೊತ್ತಾಗಿರಲಿಕ್ಕಿಲ್ಲ. ತೇಲುವಾಗ ಇದು ಅಷ್ಟಾಗಿ ಸದ್ದು ಮಾಡೋದಿಲ್ಲ.

ಗಾತ್ರದಲ್ಲಿ ಇದು ಬೆಕ್ಕಿನ ಹತ್ತಿರ ಬರ್ತದೆ. ಮೂಗಿನಿಂದ ಬಾಲದ ತುದಿ ತನಕ ಅಳೆದರೆ ಸುಮಾರು 1 ಮೀಟರ್. ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಬಾಲವೇ! ಕಣ್ಣು ದೊಡ್ಡವು. ಹಗಲೆಲ್ಲ ಮರದ ಪೊಟರೆಯಲ್ಲಿ, ಅಂದರೆ ಕಾಂಡದೊಳಗಿನ ಟೊಳ್ಳಿನಲ್ಲಿ, ಮಲಗಿರ್ತದೆ. ಕತ್ತಲಾದ ಮೇಲೆ ಹೊರಗೆ ಬರ್ತದೆ. ಹಣ್ಣು, ಎಲೆ, ಚಿಗುರು, ಹೂವು, ತೊಗಟೆ ತಿಂತದೆ. ಅತ್ತಿ ಹಣ್ಣು ಅಂದ್ರೆ ಬಹಳ ಇಷ್ಟ. ಮುಂಗಾಲಿನಲ್ಲಿ ಹಣ್ಣು ಹಿಡಿದು ಕೂತು ತಿನ್ನೋದನ್ನು ನೋಡಿದರೆ ನಮ್ಮ ಅಂಗಳದ ಅಳಿಲೇ ನೆನಪಾಗ್ತದೆ. ರಾಜಸ್ಥಾನದ ಸೀತಾಮಾತಾ ಅಭಯಾರಣ್ಯದಲ್ಲಿ ಇದು ಹಿಪ್ಪೆ ಮರದ ಪೊಟರೆಯಲ್ಲಿ ಮನೆ ಮಾಡ್ತದೆ. ಹಿಪ್ಪೆ ಅಂದ್ರೆ ತೆಲುಗಿನ ಇಪ್ಪ ಚೆಟ್ಟು. ಸಾಮಾನ್ಯವಾಗಿ ಒಂದು ಸಲಕ್ಕೆ ಒಂದೇ ಮರಿ. ಹಾಗಾಗಿ ಒಂದು ತಾಯಿ ಸತ್ತರೆ ಆ ನಷ್ಟ ಬೇಗ ತುಂಬೋದಿಲ್ಲ.

ಕತ್ತಲಲ್ಲಿ ಇದರ ಕೂಗು ಕೇಳಿ ಹೆದರೋರಿದ್ದಾರೆ. ಟಾರ್ಚ್ ಬಿಟ್ಟರೆ ಕಣ್ಣು ಕೆಂಡದ ಹಾಗೆ ಹೊಳೀತಾವೆ. ದೆವ್ವ ಅಂತ ಓಡೋರೂ ಇರಬಹುದು, ಅವರನ್ನು ನಗಬೇಡಿ. ಗೊತ್ತಿಲ್ಲದ್ದು ಕತ್ತಲಲ್ಲಿ ಕಂಡರೆ ನಾವೂ ಓಡ್ತೀವಿ. ಆದರೆ ಆ ಹೊಳೆಯುವ ಕಣ್ಣೇ ಇದಕ್ಕೆ ಮುಳುವು. ಬೇಟೆಗಾರರು ಟಾರ್ಚ್ ಬಿಟ್ಟು, ಕಣ್ಣು ಗುರುತು ಹಿಡಿದು ಮಾಂಸಕ್ಕಾಗಿ ಹೊಡೀತಾರೆ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ಪ್ರಕಾರ ಇದು ಅಪರಾಧ.

ಇನ್ನೊಂದು ಕೇಡು ಬೆಂಕಿ. ಯುಗಾದಿ ಬರೋದು ಬಿಸಿಲಿನಲ್ಲಿ. ಆಗ ಕಾಡಿನ ಎಲೆ ಉದುರಿ ನೆಲ ಒಣಗಿರ್ತದೆ. ದಾರಿಯಲ್ಲಿ ಅಡುಗೆಗೆ ಮರದ ಬುಡದಲ್ಲೇ ಮೂರು ಕಲ್ಲು ಇಟ್ಟು ಒಲೆ ಹೂಡೋರಿದ್ದಾರೆ. ಹಳೆ ಟೊಳ್ಳು ಮರಕ್ಕೆ ಕಿಡಿ ಹತ್ತಿದರೆ ಒಳಗೇ ಉರೀತದೆ. ಹಗಲು ಹೊತ್ತಿನಲ್ಲಿ ಒಳಗೆ ಮಲಗಿದ ತಾಯಿ, ಮರಿ ಎಲ್ಲಿ ಹೋಗಬೇಕು? ಟೊಳ್ಳು ಮರ ದಂಡ, ಕಡಿದರೆ ಕಟ್ಟಿಗೆ ಆಗ್ತದೆ ಅಂತ ನಾವು ಎಣಿಸ್ತೀವಿ. ಈ ಪ್ರಾಣಿಗೆ ಅದೇ ಮನೆ. ಪೊಟರೆ ಆಗಬೇಕಂದ್ರೆ ಮರಕ್ಕೆ ಬಹಳ ವರ್ಷ ವಯಸ್ಸಾಗಬೇಕು. ಇವತ್ತು ಸಸಿ ನೆಟ್ಟರೆ ನಾಳೆ ಪೊಟರೆ ಸಿಗೋದಿಲ್ಲ.

ಈ ಸಲ ಪಾದಯಾತ್ರೆ ಹೋದರೆ ಅನ್ನದಾನ ನಡೆಯುವ ಜಾಗದಲ್ಲೇ ಊಟ ಮಾಡಿ, ಕಾಡಿನೊಳಗೆ ಒಲೆ ಹಚ್ಚಬೇಡಿ. ಬೀಡಿ ತುಂಡು ಎಸೆಯಬೇಡಿ. ಕತ್ತಲಾದ ಮೇಲೆ ಅತ್ತಿ ಮರ ಸಿಕ್ಕರೆ ಸ್ವಲ್ಪ ಹೊತ್ತು ಸದ್ದು ಮಾಡದೆ ತಲೆ ಎತ್ತಿ ನೋಡಿ.

ಓದಿ, ಮಾತಾಡಿ

ಹಾರುವ ಅಳಿಲು ಒಂದು ಮರದಿಂದ ಇನ್ನೊಂದಕ್ಕೆ ಹೇಗೆ ಹೋಗ್ತದೆ? ಒಂದು ದುಪ್ಪಟಿ ಹಿಡಿದು ನಿಮ್ಮ ಮಕ್ಕಳಿಗೆ ತೋರಿಸಿ ಹೇಳಿ.

ನಿಮ್ಮ ಊರಲ್ಲಿ ಎಲ್ಲಕ್ಕಿಂತ ಹಳೆಯ ಮರ ಯಾವುದು? ಅದರಲ್ಲಿ ಪೊಟರೆ ಇದೆಯೇ? ಯಾವ ಹಕ್ಕಿ, ಯಾವ ಪ್ರಾಣಿ ಅಲ್ಲಿ ಇರ್ತದೆ? ನೋಡಿ ಬಂದು ನಾಲ್ಕು ಸಾಲು ಬರೆಯಿರಿ.