ವಿದ್ಯುತ್ ಕಾರಿನ ಚಾರ್ಜಿಂಗ್ ಅಡಾಪ್ಟರ್: ಆಯ್ಕೆ ಮತ್ತು ಸುರಕ್ಷತೆ

ಬೆಂಗಳೂರಿನಲ್ಲಿ ತಯಾರಾಗಿ 2001ರಲ್ಲಿ ಮಾರುಕಟ್ಟೆಗೆ ಬಂದ ರೇವಾ ಕಾರು 15 ಆಂಪಿಯರ್ ಸಾಕೆಟ್‌ನಿಂದಲೇ ಚಾರ್ಜ್ ಆಗುತ್ತಿತ್ತು. ಇಂದಿನ ಅನೇಕ ಕಾರುಗಳಿಗೂ 16 ಆಂಪಿಯರ್ ಪ್ಲಗ್‌ನ ಪೋರ್ಟಬಲ್ ಚಾರ್ಜರ್ ಲಭ್ಯವಿದೆ. ಆ ಪ್ಲಗ್ಗನ್ನು ಅಂಗಡಿಯ 6 ಆಂಪಿಯರ್ ಸಾಕೆಟ್‌ಗೆ ಜೋಡಿಸುವ ಅಗ್ಗದ ಅಡಾಪ್ಟರ್ ಮಾತ್ರ ಅಪಾಯಕಾರಿ. ಅಡಾಪ್ಟರ್ ಪ್ಲಗ್ಗಿನ ಆಕಾರವನ್ನು ಬದಲಿಸುತ್ತದೆಯೇ ಹೊರತು ಗೋಡೆಯೊಳಗಿನ ತಂತಿಯ ಸಾಮರ್ಥ್ಯವನ್ನು ಹೆಚ್ಚಿಸದು.

ಇಸ್ತ್ರಿ ಪೆಟ್ಟಿಗೆ ಕೆಲವು ನಿಮಿಷ ವಿದ್ಯುತ್ ಎಳೆದರೆ ಕಾರು ರಾತ್ರಿಯಿಡೀ ಎಳೆಯುತ್ತದೆ. ಸಡಿಲವಾದ ಸಂಪರ್ಕದಲ್ಲಿ 0.1 ಓಮ್ ರೋಧವಿದ್ದರೂ, 16 ಆಂಪಿಯರ್ ಹರಿದಾಗ ಅಲ್ಲಿ ಸುಮಾರು 25 ವ್ಯಾಟ್ ಶಾಖ ಉಂಟಾಗುತ್ತದೆ. ಇದು ಸಣ್ಣ ಸೋಲ್ಡರಿಂಗ್ ಐರನ್ನಿನ ಶಾಖಕ್ಕೆ ಸಮ. ಬೇಸಿಗೆಯಲ್ಲಿ 40 ಡಿಗ್ರಿ ದಾಟುವ ರಾಯಚೂರು, ಮಾನ್ವಿ, ದೇವದುರ್ಗಗಳಲ್ಲಿ, ಅದರಲ್ಲೂ ಹತ್ತಿ ಮತ್ತು ಗೋಣಿಚೀಲಗಳಿರುವ ಗೋದಾಮುಗಳಲ್ಲಿ, ಇದನ್ನು ಕಡೆಗಣಿಸಲಾಗದು.

ಗಮನಿಸಬೇಕಾದ ಅಂಶಗಳು:

1. ಪರವಾನಗಿ ಪಡೆದ ಎಲೆಕ್ಟ್ರಿಷಿಯನ್‌ನಿಂದ ಮುಖ್ಯ ಬೋರ್ಡಿನಿಂದಲೇ ಪ್ರತ್ಯೇಕ ಲೈನ್ ಎಳೆಸಿ, ಐಎಸ್‌ಐ ಗುರುತಿನ 16 ಆಂಪಿಯರ್ ಸಾಕೆಟ್, ಎಂಸಿಬಿ, 30 ಮಿಲಿಆಂಪಿಯರ್ ಆರ್‌ಸಿಸಿಬಿ ಅಳವಡಿಸಬೇಕು. ಅರ್ಥಿಂಗ್ ಪರೀಕ್ಷಿಸಬೇಕು.

2. ಎಕ್ಸ್‌ಟೆನ್ಷನ್ ಬೋರ್ಡ್ ಬಳಸಬಾರದು. ಒಂದು ಅಡಾಪ್ಟರಿಗೆ ಇನ್ನೊಂದನ್ನು ಜೋಡಿಸಬಾರದು.

3. ಟೈಪ್ 2 ಎಸಿ ಚಾರ್ಜಿಂಗ್‌ಗೆ, ಸಿಸಿಎಸ್ 2 ಡಿಸಿ ವೇಗದ ಚಾರ್ಜಿಂಗ್‌ಗೆ. ಕಾರು ತಯಾರಕರು ಒಪ್ಪದ ಅಡಾಪ್ಟರ್ ಕೊಳ್ಳಬಾರದು.

4. ಚಾರ್ಜಿಂಗ್ ಆರಂಭಿಸಿದ ಅರ್ಧ ಗಂಟೆಯ ನಂತರ ಸ್ವಿಚ್ ಆರಿಸಿ ಪ್ಲಗ್ಗನ್ನು ಮುಟ್ಟಿ ನೋಡಿರಿ. ಕೈ ಇಡಲಾಗದಷ್ಟು ಬಿಸಿ, ಕಂದಿದ ಬಣ್ಣ ಅಥವಾ ಸುಟ್ಟ ವಾಸನೆ ಕಂಡುಬಂದಲ್ಲಿ ಬಳಕೆ ನಿಲ್ಲಿಸಿ ಸಾಕೆಟ್ ಬದಲಾಯಿಸಬೇಕು.

ಹೊಸ ಲೈನಿಗೆ ತಗಲುವ ವೆಚ್ಚ ಗೋದಾಮಿನಲ್ಲಿರುವ ಸರಕಿನ ಮೌಲ್ಯದ ಮುಂದೆ ಅತ್ಯಲ್ಪ. ಕಾರು ಬರುವ ಮೊದಲೇ ಈ ಕೆಲಸ ಮುಗಿಸುವುದು ಜಾಣತನ.